ವಿಜ್ಞಾನಕಥೆಯ ನಾದ: ಡೆಲಿಯಾ ಡರ್ಬಿಷೈರ್ ಅವರ ಸಾಧನೆಯೂ ಕರ್ತೃತ್ವದ ಪ್ರಶ್ನೆಯೂ

೧

ಒಂದು ಸಂಗೀತಕೃತಿಯ ಕರ್ತೃ ಯಾರು ಎಂಬ ಪ್ರಶ್ನೆಗೆ ನಮ್ಮ ಪರಂಪರೆಯಲ್ಲಿ ಸಿದ್ಧವಾದ ಉತ್ತರವೊಂದಿದೆ. ಮಾತು ಧಾತುಗಳೆರಡನ್ನೂ, ಎಂದರೆ ಸಾಹಿತ್ಯವನ್ನೂ ಅದರ ಸ್ವರರೂಪವನ್ನೂ, ತಾನೇ ರಚಿಸಿದವನು ವಾಗ್ಗೇಯಕಾರ, ಅದನ್ನು ಹಾಡುವವನು ಗಾಯಕ, ನುಡಿಸುವವನು ವಾದಕ. ಪಾಶ್ಚಾತ್ಯ ಸಂಗೀತದಲ್ಲಿಯೂ ಈ ವಿಭಾಗ ಹೆಚ್ಚುಕಡಮೆ ಹೀಗೆಯೇ ಇದೆ. ಸ್ವರಗಳನ್ನು ಲಿಪಿಯಲ್ಲಿ ಬರೆದಿಟ್ಟವನು ರಚನಕಾರ. ವಾದ್ಯವೃಂದವು ಅವನ ಬರಹವನ್ನು ನಾದವಾಗಿ ಪರಿಣಮಿಸುತ್ತದೆ. ಬರೆದವನಿಗೂ ನುಡಿಸಿದವರಿಗೂ ನಡುವೆ ಇರುವ ಗೆರೆ ಸ್ಪಷ್ಟವಾದುದು. ಏಕೆಂದರೆ ಪಿಟೀಲು ಯಾವುದು, ಅದರ ಧ್ವನಿ ಹೇಗಿರುತ್ತದೆ ಎಂಬುದು ಇಬ್ಬರಿಗೂ ಮೊದಲೇ ತಿಳಿದ ವಿಷಯ.

ಆದರೆ ಇಪ್ಪತ್ತನೆಯ ಶತಮಾನದ ನಡುಗಾಲದಲ್ಲಿ ಧ್ವನಿಮುದ್ರಣದ ಟೇಪು ಬಳಕೆಗೆ ಬಂದ ಮೇಲೆ, ಈ ಗೆರೆ ಎಲ್ಲಿದೆಯೆಂದು ಹೇಳುವುದೇ ಕಷ್ಟವಾಯಿತು. ವಾದ್ಯವೂ ಇಲ್ಲದೆ, ವಾದಕನೂ ಇಲ್ಲದೆ, ಹಿಂದೆಂದೂ ಕೇಳದ ಧ್ವನಿಯೊಂದನ್ನು ಒಬ್ಬರು ಕುಳಿತು ನಿರ್ಮಿಸಿದರೆ, ಅವರನ್ನು ಏನೆಂದು ಕರೆಯಬೇಕು? ವಾದಕರೆಂದೇ, ಯಂತ್ರಜ್ಞರೆಂದೇ, ರಚನಕಾರರೆಂದೇ? ಈ ಪ್ರಶ್ನೆ ಕೇವಲ ಶಾಸ್ತ್ರಚರ್ಚೆಯದಲ್ಲ. ಅದರ ಉತ್ತರವನ್ನು ಅನುಸರಿಸಿ ಒಬ್ಬರ ಹೆಸರು ಉಳಿಯಿತು, ಇನ್ನೊಬ್ಬರ ಹೆಸರು ಐವತ್ತು ವರ್ಷ ಮರೆಯಾಯಿತು. ಇಂಗ್ಲೆಂಡಿನ ಡೆಲಿಯಾ ಡರ್ಬಿಷೈರ್ ಅವರ ವೃತ್ತಿಜೀವನವನ್ನು ಈ ದೃಷ್ಟಿಯಿಂದ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

೨

ಇಂಥ ನಾದಕ್ಕೆ ಮೊದಲು ಆಶ್ರಯ ಕೊಟ್ಟ ಕಲಾಪ್ರಕಾರಗಳಲ್ಲಿ ವೈಜ್ಞಾನಿಕ ಕಲ್ಪನಾಕಥೆ ಮುಖ್ಯವಾದುದು. ಅದಕ್ಕೆ ಕಾರಣವುಂಟು. ಅನ್ಯಗ್ರಹವನ್ನು ಚಿತ್ರದಲ್ಲಿ ತೋರಿಸುವಾಗ ಹಿನ್ನೆಲೆಯಲ್ಲಿ ಪರಿಚಿತವಾದ ಪಿಟೀಲು ಕೊಳಲುಗಳು ಮೊಳಗಿದರೆ, ಪ್ರೇಕ್ಷಕನ ಮನಸ್ಸು ಆ ಗ್ರಹವನ್ನು ಬಿಟ್ಟು ಸಂಗೀತಸಭೆಗೆ ಹಿಂತಿರುಗುವ ಸಂಭವವಿದೆ. ೧೯೫೧ರಲ್ಲಿ ತೆರೆಕಂಡ ‘ದಿ ಡೇ ದಿ ಅರ್ತ್ ಸ್ಟುಡ್ ಸ್ಟಿಲ್’ ಎಂಬ ಚಲಚ್ಚಿತ್ರಕ್ಕೆ ಬರ್ನಾರ್ಡ್ ಹರ್ಮನ್ ಅವರು ಥೆರೆಮಿನ್ ಎಂಬ ವಿದ್ಯುದ್ವಾದ್ಯವನ್ನು ಬಳಸಿಕೊಂಡುದು ಈ ತೊಡಕನ್ನು ಪರಿಹರಿಸುವುದಕ್ಕಾಗಿಯೇ. ೧೯೫೬ರ ‘ಫರ್ಬಿಡನ್ ಪ್ಲಾನೆಟ್’ ಚಿತ್ರದಲ್ಲಿ ಲೂಯಿ ಮತ್ತು ಬೀಬಿ ಬ್ಯಾರನ್ ದಂಪತಿಗಳು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ತಾವೇ ಜೋಡಿಸಿದ ವಿದ್ಯುನ್ಮಂಡಲಗಳ ಧ್ವನಿಯಿಂದಲೇ ಇಡೀ ಚಿತ್ರದ ಹಿನ್ನೆಲೆಯನ್ನು ರೂಪಿಸಿದರು. ಆದರೆ ಶೀರ್ಷಿಕೆಯಲ್ಲಿ ಅವರ ಕೃತಿಯನ್ನು ‘ಸಂಗೀತ’ ಎನ್ನದೆ ‘ಎಲೆಕ್ಟ್ರಾನಿಕ್ ಟೋನ್ಯಾಲಿಟೀಸ್’ ಎಂದು ಕರೆಯಲಾಯಿತು. ಅದನ್ನು ಸಂಗೀತವೆಂದು ಕರೆದರೆ ವಾದ್ಯಗಾರರ ಸಂಘ ಆಕ್ಷೇಪಿಸೀತೆಂಬುದು ಇದಕ್ಕೆ ಕಾರಣ. ನಾದ ಹೊಸದಾದಾಗ ಅದರ ಹೆಸರಿನ ವಿಚಾರದಲ್ಲಿಯೇ ಮೊದಲ ಜಗಳ ಹುಟ್ಟುತ್ತದೆಂಬುದಕ್ಕೆ ಇದು ಒಂದು ನಿದರ್ಶನ.

ಯೂರೋಪಿನಲ್ಲಿ ಈ ಪ್ರಯೋಗಗಳು ಬಾನುಲಿ ಸಂಸ್ಥೆಗಳ ಆಶ್ರಯದಲ್ಲಿ ಬೆಳೆದವು. ೧೯೪೮ರಲ್ಲಿ ಪ್ಯಾರಿಸಿನಲ್ಲಿ ಪಿಯೆರ್ ಷೇಫರ್ ಅವರು ರೈಲುಬಂಡಿಯೇ ಮೊದಲಾದ ಲೌಕಿಕ ಧ್ವನಿಗಳನ್ನು ಮುದ್ರಿಸಿ, ಅವನ್ನೇ ಜೋಡಿಸಿ ಕೃತಿಗಳನ್ನು ರಚಿಸಿದರು. ಇಂಗ್ಲೆಂಡಿನ ಬಿ.ಬಿ.ಸಿ. ಸಂಸ್ಥೆಯು ೧೯೫೮ರ ಏಪ್ರಿಲಿನಲ್ಲಿ ಲಂಡನ್ನಿನ ಮೈಡಾ ವೇಲ್ ಕಟ್ಟಡದಲ್ಲಿ ರೇಡಿಯೋಫೋನಿಕ್ ಕಾರ್ಯಾಗಾರವನ್ನು ತೆರೆಯಿತು. ಡಾಫ್ನೆ ಓರಂ ಮತ್ತು ಡೆಸ್ಮಂಡ್ ಬ್ರಿಸ್ಕೋ ಇದರ ಸ್ಥಾಪಕರು. ಇಲ್ಲಿ ಒಂದು ವಿಶೇಷವನ್ನು ಗಮನಿಸಬೇಕು. ಪ್ಯಾರಿಸಿನ ಕೇಂದ್ರ ಕಲಾವಿದರ ಪ್ರಯೋಗಶಾಲೆಯಾಗಿದ್ದರೆ, ಲಂಡನ್ನಿನದು ಸೇವಾವಿಭಾಗವಾಗಿತ್ತು. ನಾಟಕಗಳಿಗೂ ಶಾಲಾಪಾಠಗಳಿಗೂ ಬೇಕಾದ ಧ್ವನಿಗಳನ್ನು ಒದಗಿಸುವುದು ಅದರ ಕರ್ತವ್ಯ. ಅಲ್ಲಿ ದುಡಿಯುವವರು ಪದವಿಯಲ್ಲಿ ಸಹಾಯಕರು. ಅವರು ಮಾಡಿದುದಕ್ಕೆ ‘ವಿಶೇಷ ಧ್ವನಿ’ ಎಂದು ಹೆಸರು. ಅವರನ್ನು ರಚನಕಾರರೆಂದು ಕರೆಯುವ ರೂಢಿಯಿರಲಿಲ್ಲ.

೩

ಡೆಲಿಯಾ ಡರ್ಬಿಷೈರ್ ೧೯೩೭ರ ಮೇ ೫ರಂದು ಕೊವೆಂಟ್ರಿ ನಗರದಲ್ಲಿ ಜನಿಸಿದರು. ೧೯೪೦ರ ನವೆಂಬರಿನಲ್ಲಿ ಜರ್ಮನ್ ವಿಮಾನಗಳು ಆ ನಗರವನ್ನು ಧ್ವಂಸಮಾಡಿದಾಗ ಅವರಿಗೆ ಮೂರು ವರ್ಷ. ವಿಮಾನದಾಳಿಯ ಎಚ್ಚರಿಕೆ ಕೊಡುವ ಸೈರನ್ನಿನ ಏರಿಳಿತವನ್ನೂ, ಅನಂತರ ಪ್ರೆಸ್ಟನ್ನಿನಲ್ಲಿದ್ದಾಗ ಕೇಳಿದ, ಮುಂಜಾನೆ ಗಿರಣಿಗೆ ಹೋಗುವ ಕೆಲಸಗಾರರ ಮರದ ಪಾದರಕ್ಷೆಗಳು ಕಲ್ಲುಹಾಸಿನ ಮೇಲೆ ಮಾಡುವ ಸಪ್ಪಳವನ್ನೂ ಅವರು ಮುಂದೆ ತಮ್ಮ ನಾದಪ್ರಜ್ಞೆಯ ಮೂಲವೆಂದು ನೆನೆದುಕೊಳ್ಳುತ್ತಿದ್ದರು. ಸೈರನ್ನಿನ ಧ್ವನಿ ಒಂದು ಸ್ವರದಿಂದ ಇನ್ನೊಂದು ಸ್ವರಕ್ಕೆ ಮೆಟ್ಟಿಲು ಹತ್ತಿ ಹೋಗುವುದಿಲ್ಲ. ನಡುವಣ ಎಲ್ಲ ಶ್ರುತಿಗಳನ್ನೂ ಸವರಿಕೊಂಡು ಜಾರುತ್ತದೆ. ಈ ಜಾರುವಿಕೆಯನ್ನು ಅವರ ಪ್ರಸಿದ್ಧ ಕೃತಿಯಲ್ಲಿ ಮತ್ತೆ ಕೇಳುತ್ತೇವೆ.

ಕೇಂಬ್ರಿಜ್ ವಿಶ್ವವಿದ್ಯಾನಿಲಯದ ಗರ್ಟನ್ ಕಾಲೇಜಿಗೆ ಅವರು ಗಣಿತದ ವಿದ್ಯಾರ್ಥಿವೇತನ ಪಡೆದು ಸೇರಿ, ಬಳಿಕ ಸಂಗೀತಕ್ಕೆ ತಿರುಗಿ, ೧೯೫೯ರಲ್ಲಿ ಪದವೀಧರರಾದರು. ಗಣಿತ ಮತ್ತು ಸಂಗೀತ ಎರಡರಲ್ಲಿಯೂ ಪಡೆದ ಈ ಶಿಕ್ಷಣ ಅವರ ಮುಂದಿನ ಕಾರ್ಯಕ್ಕೆ ಅಡಿಗಲ್ಲಾಯಿತು. ಡೆಕ್ಕಾ ಧ್ವನಿಮುದ್ರಣ ಸಂಸ್ಥೆಯಲ್ಲಿ ಕೆಲಸ ಕೇಳಿದಾಗ, ಮುದ್ರಣಶಾಲೆಗಳಲ್ಲಿ ಹೆಂಗಸರನ್ನು ನೇಮಿಸಿಕೊಳ್ಳುವ ಪದ್ಧತಿ ತಮ್ಮಲ್ಲಿಲ್ಲವೆಂಬ ಉತ್ತರ ದೊರೆಯಿತು. ೧೯೬೦ರಲ್ಲಿ ಬಿ.ಬಿ.ಸಿ.ಯನ್ನು ಸೇರಿದ ಅವರು, ೧೯೬೨ರಲ್ಲಿ ತಾವಾಗಿಯೇ ಕೇಳಿಕೊಂಡು ರೇಡಿಯೋಫೋನಿಕ್ ಕಾರ್ಯಾಗಾರಕ್ಕೆ ಬಂದರು.

೪

೧೯೬೩ರಲ್ಲಿ ಬಿ.ಬಿ.ಸಿ. ದೂರದರ್ಶನ ‘ಡಾಕ್ಟರ್ ಹೂ’ ಎಂಬ ವೈಜ್ಞಾನಿಕ ಕಲ್ಪನಾಮಾಲಿಕೆಯನ್ನು ಸಿದ್ಧಗೊಳಿಸುತ್ತಿತ್ತು. ಅದರ ನಿರ್ಮಾಪಕಿ ವೆರಿಟಿ ಲ್ಯಾಂಬರ್ಟ್. ಶೀರ್ಷಿಕೆಗೀತವನ್ನು ರಚಿಸಲು ರಾನ್ ಗ್ರೈನರ್ ಎಂಬ ಅನುಭವಶಾಲಿ ರಚನಕಾರರನ್ನು ಗೊತ್ತುಮಾಡಲಾಯಿತು. ಅವರು ಬರೆದುಕೊಟ್ಟುದು ಒಂದು ಹಾಳೆ. ಅದರಲ್ಲಿ ಮಂದ್ರಸ್ಥಾಯಿಯ ಆಧಾರಪಂಕ್ತಿ, ಅದರ ಮೇಲೆ ಸಾಗುವ ರಾಗರೇಖೆ, ಮತ್ತು ಅಲ್ಲಲ್ಲಿ ಗಾಳಿ, ಗುಳ್ಳೆ, ಮೋಡ ಎಂಬಂಥ ಸೂಚನೆಗಳು ಇದ್ದವು. ವಾದ್ಯಗಳ ಹೆಸರಿಗೆ ಬದಲಾಗಿ ಪ್ರಕೃತಿಯ ಹೆಸರುಗಳಿದ್ದ ಆ ಹಾಳೆಯನ್ನು ನಾದವಾಗಿ ಮಾಡುವ ಹೊಣೆ ಡೆಲಿಯಾ ಅವರದಾಯಿತು. ಅವರಿಗೆ ನೆರವಾದವರು ಡಿಕ್ ಮಿಲ್ಸ್.

ಅವರು ಅನುಸರಿಸಿದ ವಿಧಾನವನ್ನು ತುಸು ವಿವರವಾಗಿ ತಿಳಿಯುವುದು ಅವಶ್ಯ. ಆಗ ಕೀಲಿಮಣೆಯನ್ನು ಒತ್ತಿ ಬೇಕಾದ ಧ್ವನಿಯನ್ನು ಪಡೆಯುವ ವಿದ್ಯುದ್ಯಂತ ಕಾರ್ಯಾಗಾರದಲ್ಲಿರಲಿಲ್ಲ. ಹಲವು ಪದರಗಳನ್ನು ಒಂದೇ ಟೇಪಿನಲ್ಲಿ ಮುದ್ರಿಸುವ ಸಾಧನವೂ ಇರಲಿಲ್ಲ. ಇದ್ದುದು ಟೇಪುಯಂತ್ರಗಳು, ಬ್ಲೇಡು, ಅಂಟುಪಟ್ಟಿ ಮತ್ತು ವಿದ್ಯುದುಪಕರಣಗಳ ಪರೀಕ್ಷೆಗೆಂದು ಮಾಡಿದ ಆಂದೋಲಕಗಳು. ಆಂದೋಲಕವೆಂದರೆ ಗುಂಡಿಯನ್ನು ತಿರುಗಿಸಿದಂತೆ ಏರುವ ಇಳಿಯುವ ಒಂಟಿ ಸ್ವರವನ್ನು ಹೊರಡಿಸುವ ಯಂತ್ರ.

ಆಧಾರಪಂಕ್ತಿಗಾಗಿ ಮೀಟಿದ ಒಂದು ತಂತಿಯ ಧ್ವನಿಯನ್ನು ಮುದ್ರಿಸಿಕೊಂಡರು. ಟೇಪನ್ನು ಮುದ್ರಿಸಿದುದಕ್ಕಿಂತ ಎರಡರಷ್ಟು ವೇಗದಲ್ಲಿ ಓಡಿಸಿದರೆ ಕಂಪನಸಂಖ್ಯೆ ಇಮ್ಮಡಿಯಾಗಿ ಸ್ವರ ಒಂದು ಸ್ಥಾಯಿ ಮೇಲೇರುತ್ತದೆ. ತಂತಿಯನ್ನು ಅರ್ಧಕ್ಕೆ ಒತ್ತಿ ಮೀಟಿದರೆ ತಾರಷಡ್ಜ ಬರುವಂತೆಯೇ ಇದು. ಪಾಶ್ಚಾತ್ಯ ಪದ್ಧತಿಯಲ್ಲಿ ಸ್ಥಾಯಿಯನ್ನು ಹನ್ನೆರಡು ಸಮಭಾಗ ಮಾಡುವುದರಿಂದ, ಒಂದು ಮೆಟ್ಟಿಲು ಏರಬೇಕಾದರೆ ವೇಗವನ್ನು ಸುಮಾರು ೧.೦೫೯ರಿಂದ ಗುಣಿಸಬೇಕು. ಹೀಗೆ ಒಂದೇ ತಂತಿಯ ಒಂದೇ ಮೀಟಿನಿಂದ ಬೇಕಾದ ಸ್ವರಗಳೆಲ್ಲ ಹುಟ್ಟಿದವು. ಆದರೆ ಇಲ್ಲಿ ಒಂದು ತೊಡಕಿದೆ. ವೇಗ ಇಮ್ಮಡಿಯಾದರೆ ಸ್ವರ ಏರುವುದರ ಜೊತೆಗೆ ಅದರ ಕಾಲಾವಧಿ ಅರ್ಧಕ್ಕೆ ಇಳಿಯುತ್ತದೆ. ಆದಕಾರಣ ಪ್ರತಿಯೊಂದು ಸ್ವರವನ್ನೂ ಬೇರೆಯಾಗಿ ಮುದ್ರಿಸಿ, ತಾಳಕ್ಕೆ ಸರಿಹೋಗುವಂತೆ ಅಳತೆಮಾಡಿ ಕತ್ತರಿಸಬೇಕು. ಟೇಪು ಸೆಕೆಂಡಿಗೆ ೧೫ ಅಂಗುಲದಂತೆ ಓಡುವುದಾದರೆ, ಅರ್ಧ ಸೆಕೆಂಡಿನ ಸ್ವರವೆಂದರೆ ಏಳೂವರೆ ಅಂಗುಲದ ತುಂಡು. ಇಲ್ಲಿ ಕಾಲವು ಅಳತೆಗೋಲಿನಲ್ಲಿ ಅಳೆಯಬಹುದಾದ ಉದ್ದವಾಗುತ್ತದೆ, ಲಯವು ಅಂಕಗಣಿತವಾಗುತ್ತದೆ.

ರಾಗರೇಖೆಯನ್ನು ಆಂದೋಲಕದ ಗುಂಡಿಯನ್ನು ಕೈಯಿಂದ ತಿರುಗಿಸಿ ಪಡೆದರು. ಅದರ ಜಾರುವ ನಾದ ಹುಟ್ಟಿದುದು ಹೀಗೆ. ಎಲ್ಲ ಕಂಪನಸಂಖ್ಯೆಗಳೂ ಬೆರೆತ ‘ಹಿಸ್’ ಎಂಬ ರವವನ್ನು ಸೋಸಿ, ಬೇಕಾದ ಪಟ್ಟಿಯನ್ನಷ್ಟೇ ಉಳಿಸಿಕೊಂಡು, ಗ್ರೈನರ್ ಬರೆದಿದ್ದ ಗಾಳಿ ಮೋಡಗಳನ್ನು ಮಾಡಿದರು. ಪದರಪದರವಾಗಿ ಸಿದ್ಧವಾದ ಟೇಪುಗಳನ್ನು ಬೇರೆ ಬೇರೆ ಯಂತ್ರಗಳಿಗೆ ಹಾಕಿ, ಏಕಕಾಲದಲ್ಲಿ ಚಾಲನೆಮಾಡಿ, ಕೂಡಿಸಿ ಮುದ್ರಿಸಿದರು. ಒಮ್ಮೆ ಪದರಗಳು ಒಂದಕ್ಕೊಂದು ಹೊಂದದೆ ಹೋದಾಗ, ಕಟ್ಟಡದ ಉದ್ದನೆಯ ಓಣಿಯಲ್ಲಿ ಟೇಪುಗಳನ್ನು ಪಕ್ಕಪಕ್ಕಕ್ಕೆ ಹಾಸಿ, ಯಾವ ಅಂಟು ಎಲ್ಲಿ ಜರುಗಿದೆಯೆಂದು ಕಣ್ಣಿನಿಂದಲೇ ಹುಡುಕಬೇಕಾಯಿತೆಂದು ಡಿಕ್ ಮಿಲ್ಸ್ ಹೇಳಿದ್ದಾರೆ. ತಪ್ಪಿದ ತಾಳವನ್ನು ನೆಲದ ಮೇಲೆ ನಡೆದು ಕಂಡುಹಿಡಿದ ಪ್ರಸಂಗ ಸಂಗೀತಚರಿತ್ರೆಯಲ್ಲಿ ವಿರಳವೇ ಸರಿ.

ಮಾಲಿಕೆಯ ಪ್ರಸಾರ ೧೯೬೩ರ ನವೆಂಬರ್ ೨೩ರಂದು ಆರಂಭವಾಯಿತು. ಆ ಶೀರ್ಷಿಕೆಯ ನಾದವು ಕೇಳಿದವರಿಗೆ ಯಾವ ವಾದ್ಯದ್ದೆಂದು ಹೇಳಲು ಬಾರದಂತಿತ್ತು. ಯಾವ ವಾದ್ಯದ್ದೂ ಅಲ್ಲದ್ದರಿಂದಲೇ ಅದು ಕಾಲದೇಶಗಳನ್ನು ಮೀರಿ ಸಂಚರಿಸುವ ಕಥಾನಾಯಕನಿಗೆ ಒಪ್ಪಿತು.

೫

ಸಿದ್ಧವಾದ ಮುದ್ರಣವನ್ನು ಕೇಳಿದ ಗ್ರೈನರ್ ಅವರಿಗೆ ಇದು ತಾವು ಬರೆದುದೇ ಎಂಬ ಸಂದೇಹ ಉಂಟಾಯಿತಂತೆ. ಅವರು ಉದಾರಹೃದಯರು. ಡೆಲಿಯಾ ಅವರನ್ನು ಸಹರಚನಕಾರರೆಂದು ಹೆಸರಿಸಬೇಕೆಂದು ಪ್ರಯತ್ನಿಸಿದರು. ಆದರೆ ಕಾರ್ಯಾಗಾರದ ಸಿಬ್ಬಂದಿ ಅನಾಮಿಕರಾಗಿಯೇ ಇರಬೇಕೆಂಬುದು ಸಂಸ್ಥೆಯ ಪದ್ಧತಿಯಾಗಿದ್ದುದರಿಂದ ಆ ಪ್ರಯತ್ನ ಫಲಿಸಲಿಲ್ಲ. ಶೀರ್ಷಿಕೆಯಲ್ಲಿ ಗ್ರೈನರ್ ಅವರ ಹೆಸರೂ ಕಾರ್ಯಾಗಾರದ ಹೆಸರೂ ಕಾಣಿಸಿಕೊಂಡವು. ಡೆಲಿಯಾ ಅವರದು ಕಾಣಿಸಲಿಲ್ಲ.

ಸಂಸ್ಥೆಯ ಪಕ್ಷದಲ್ಲಿ ಹೇಳಬಹುದಾದ ಮಾತನ್ನೂ ಹೇಳಬೇಕು. ನೌಕರಿಯಲ್ಲಿದ್ದು ಮಾಡಿದ ಕೃತಿಯ ಸ್ವಾಮ್ಯ ಸಾಮಾನ್ಯವಾಗಿ ನೌಕರಿ ಕೊಟ್ಟವರದೆಂಬುದು ಬ್ರಿಟನ್ನಿನ ಶಾಸನದ ನಿಯಮ. ಕಾರ್ಯಾಗಾರದ ಕೆಲಸ ಹಲವರು ಕೈಗೂಡಿಸಿ ಮಾಡುವಂಥದು. ಒಬ್ಬರನ್ನು ಹೆಸರಿಸಿದರೆ ಇನ್ನೊಬ್ಬರಿಗೆ ಅನ್ಯಾಯವಾಗಬಹುದು. ಅಲ್ಲದೆ ರಾಗರೇಖೆ ಗ್ರೈನರ್ ಅವರದೆಂಬುದು ನಿರ್ವಿವಾದ, ಅದಿಲ್ಲದೆ ಕೃತಿಯಿಲ್ಲ. ಇಷ್ಟನ್ನು ಒಪ್ಪಿಕೊಂಡರೂ ಒಂದು ಪ್ರಶ್ನೆ ಉಳಿಯುತ್ತದೆ. ಸ್ವಾಮ್ಯ ಬೇರೆ, ಕರ್ತೃತ್ವ ಬೇರೆ. ಹಣ ಯಾರಿಗೆ ಸಲ್ಲಬೇಕೆಂಬುದನ್ನು ಶಾಸನ ಹೇಳೀತು. ಮಾಡಿದವರು ಯಾರೆಂಬುದನ್ನು ಮರೆಸುವ ಅಧಿಕಾರ ಅದಕ್ಕಿಲ್ಲ. ನಮ್ಮ ಕಚೇರಿಗಳಲ್ಲಿ ತ್ಯಾಗರಾಜರ ಕೀರ್ತನೆಯನ್ನು ಹಾಡುವ ವಿದ್ವಾಂಸರು ಅದರ ಕರ್ತೃವಲ್ಲ. ಆದರೂ ಅವರ ಮನೋಧರ್ಮ ಅವರದೆಂದು ಎಲ್ಲರೂ ಬಲ್ಲರು, ಅವರ ಹೆಸರು ಹೇಳಿ ಮೆಚ್ಚುತ್ತಾರೆ. ಡೆಲಿಯಾ ಅವರಿಗೆ ವಾಗ್ಗೇಯಕಾರನ ಸ್ಥಾನವೂ ದೊರೆಯಲಿಲ್ಲ, ವಿದ್ವಾಂಸನ ಸ್ಥಾನವೂ ದೊರೆಯಲಿಲ್ಲ.

ಮುಂದಿನ ಒಂದು ಘಟನೆ ಈ ವಿಚಾರಕ್ಕೆ ಪ್ರಯೋಗಸಿದ್ಧ ಪ್ರಮಾಣವನ್ನು ಒದಗಿಸುತ್ತದೆ. ೧೯೭೦ರ ಸುಮಾರಿಗೆ ಕಾರ್ಯಾಗಾರಕ್ಕೆ ‘ಡೆಲಾವೇರ್’ ಎಂದು ಕರೆಯಲಾಗುತ್ತಿದ್ದ ದೊಡ್ಡ ವಿದ್ಯುನ್ನಾದಯಂತ ಬಂದಿತು. ೧೯೭೨ರಲ್ಲಿ ಅದೇ ಶೀರ್ಷಿಕೆಗೀತವನ್ನು ಆ ಯಂತ್ರದಲ್ಲಿ ಹೊಸದಾಗಿ ಮಾಡಿದರು. ಸ್ವರಗಳು ಅವೇ, ರಾಗರೇಖೆ ಅದೇ, ಡೆಲಿಯಾ ಅವರೂ ಅದರಲ್ಲಿ ಪಾಲ್ಗೊಂಡಿದ್ದರು. ಆದರೆ ಅದು ಮೆಚ್ಚುಗೆಯಾಗದೆ ಹಳೆಯ ಮುದ್ರಣಕ್ಕೇ ಹಿಂತಿರುಗಬೇಕಾಯಿತು. ಆಸ್ಟ್ರೇಲಿಯಕ್ಕೆ ಕಳುಹಿಸಿದ ಕೆಲವು ಪ್ರತಿಗಳಲ್ಲಿ ಮಾತ್ರ ಅದು ಪ್ರಮಾದವಶಾತ್ ಉಳಿಯಿತು. ಹಾಳೆಯ ಮೇಲಿನ ಸ್ವರಗಳೇ ಕೃತಿಯ ಸರ್ವಸ್ವವಾಗಿದ್ದರೆ ಹೊಸ ರೂಪ ಸೋಲಲು ಕಾರಣವಿರಲಿಲ್ಲ. ೧೯೬೩ರ ಟೇಪಿನಲ್ಲಿ, ಹಾಳೆಯಲ್ಲಿಲ್ಲದ ಏನೋ ಒಂದು ರಚಿತವಾಗಿತ್ತೆಂಬುದು ಇದರಿಂದ ಸಿದ್ಧವಾಗುತ್ತದೆ.

೬

ಈ ಒಂದು ಕೃತಿಯಿಂದಲೇ ಡೆಲಿಯಾ ಅವರನ್ನು ಅಳೆಯುವುದು ಸರಿಯಲ್ಲ. ಹನ್ನೊಂದು ವರ್ಷಗಳಲ್ಲಿ ಅವರು ಸುಮಾರು ಇನ್ನೂರು ಕಾರ್ಯಕ್ರಮಗಳಿಗೆ ನಾದವನ್ನು ಒದಗಿಸಿದರು. ವೈಜ್ಞಾನಿಕ ಕಲ್ಪನಾಕಥೆಗೆ ಸಂಬಂಧಿಸಿದವುಗಳಲ್ಲಿ ಐಸಾಕ್ ಅಸಿಮೋವ್ ಅವರ ಕಥೆಯೊಂದನ್ನು ಆಧರಿಸಿ ೧೯೬೭ರ ಜನವರಿಯಲ್ಲಿ ಪ್ರಸಾರವಾದ ‘ದಿ ಪ್ರಾಫೆಟ್’ ನಾಟಕದ ಗೀತವನ್ನು ಹೆಸರಿಸಬಹುದು. ಅದರಲ್ಲಿ ಯಂತ್ರಮಾನವರು ತಮ್ಮ ಒಡೆಯನನ್ನು ಸ್ತುತಿಸುವ ಸಂದರ್ಭವಿದೆ. ಡೆಲಿಯಾ ಮಾನವಕಂಠದ ಸ್ತುತಿಯನ್ನು ಮುದ್ರಿಸಿ, ಟೇಪನ್ನು ಹಿಮ್ಮುಖವಾಗಿ ಓಡಿಸಿ, ಅದರಲ್ಲಿ ಲಯಕ್ಕೆ ಒದಗುವ ತುಂಡುಗಳನ್ನು ಆರಿಸಿ ಜೋಡಿಸಿದರು. ಭಕ್ತಿಯ ಭಂಗಿ ಉಳಿದು ಅರ್ಥ ಕಳೆದುಹೋದ ಆ ಸ್ತೋತ್ರ, ಆಲೋಚಿಸದೆ ನಂಬುವ ಯಂತ್ರಗಳಿಗೆ ತಕ್ಕುದಾಗಿದೆ. ನಾಟಕದ ಚಿತ್ರಮುದ್ರಣ ಇಂದು ಉಳಿದಿಲ್ಲ, ಗೀತ ಉಳಿದಿದೆ.

ಸಹಾರಾ ಮರುಭೂಮಿಯ ಟುವಾರೆಗ್ ಜನರನ್ನು ಕುರಿತ ಸಾಕ್ಷ್ಯಚಿತ್ರಕ್ಕಾಗಿ ಮಾಡಿದ ‘ಬ್ಲೂ ವೇಲ್ಸ್ ಅಂಡ್ ಗೋಲ್ಡನ್ ಸ್ಯಾಂಡ್ಸ್’ ಅವರ ಪದ್ಧತಿಯ ಶಾಸ್ತ್ರೀಯತೆಯನ್ನು ಚೆನ್ನಾಗಿ ತೋರಿಸುತ್ತದೆ. ಕಾರ್ಯಾಗಾರದಲ್ಲಿ ತೂಗುಹಾಕಿದ್ದ ಹಸಿರು ಬಣ್ಣದ ಲೋಹದ ದೀಪಛತ್ರಿಯೊಂದರ ಧ್ವನಿ ಅವರಿಗೆ ಪ್ರಿಯವಾಗಿತ್ತು. ಅದನ್ನು ತಟ್ಟಿ ಮುದ್ರಿಸಿ, ತಟ್ಟಿದ ಪೆಟ್ಟಿನ ಸಪ್ಪಳವನ್ನು ತೆಗೆದು, ಅನುರಣನವನ್ನಷ್ಟೇ ಉಳಿಸಿಕೊಂಡರು. ಬಳಿಕ ಆ ಅನುರಣನದಲ್ಲಿ ಅಡಗಿರುವ ಉಪಸ್ವರಗಳನ್ನು ವಿಂಗಡಿಸಿ, ಅವುಗಳಲ್ಲಿ ಪ್ರಬಲವಾದ ಹನ್ನೆರಡನ್ನು ಆರಿಸಿ, ಹನ್ನೆರಡು ಆಂದೋಲಕಗಳಿಂದ ಮತ್ತೆ ಕಟ್ಟಿದರು. ತಂಬೂರಿಯ ಮಂದ್ರತಂತಿಯನ್ನು ಮೀಟಿದಾಗ ಯಾರೂ ನುಡಿಸದ ಗಾಂಧಾರ ತಾನಾಗಿ ಕೇಳಿಬರುವುದನ್ನು ನಾವು ಬಲ್ಲೆವು. ತಂತಿಯಲ್ಲಿ ಈ ಸ್ವಯಂಭೂ ಸ್ವರಗಳು ಮೂಲದ ಇಮ್ಮಡಿ ಮುಮ್ಮಡಿಗಳಾಗಿ ಕ್ರಮಬದ್ಧವಾಗಿರುತ್ತವೆ. ಲೋಹದ ತಟ್ಟೆ, ಗಂಟೆ ಮೊದಲಾದವುಗಳಲ್ಲಿ ಅವು ಆ ಕ್ರಮಕ್ಕೆ ಒಳಪಡುವುದಿಲ್ಲ. ಆದುದರಿಂದಲೇ ಅವುಗಳ ಧ್ವನಿಯಲ್ಲಿ ಒಂದು ಅಪರಿಚಿತತೆ. ಆ ಅಪರಿಚಿತತೆಯನ್ನು ಲೆಕ್ಕಹಾಕಿ ಪುನಃ ನಿರ್ಮಿಸಿದುದು ಡೆಲಿಯಾ ಅವರ ವಿಶೇಷ. ಮರುಭೂಮಿಗೆಂದು ಹುಟ್ಟಿದ ಈ ನಾದವನ್ನು ೧೯೭೦ರಲ್ಲಿ ‘ಡಾಕ್ಟರ್ ಹೂ’ ಮಾಲಿಕೆಯ ‘ಇನ್ಫರ್ನೋ’ ಕಥೆಯಲ್ಲಿ ಬಳಸಿಕೊಂಡರು.

ಸಂಸ್ಥೆಯ ಹೊರಗೆ ಮಾಡಿದ ಕೆಲಸದಲ್ಲಿಯೂ ಹೆಸರಿನ ತೊಡಕು ಬಿಡಲಿಲ್ಲ. ೧೯೬೯ರಲ್ಲಿ ಒಂದು ಸಂಗೀತಭಂಡಾರಕ್ಕಾಗಿ ಮಾಡಿದ ರಚನೆಗಳನ್ನು ‘ಲಿ ಡೆ ಲಾ ರೂಸ್’ ಎಂಬ ಕಲ್ಪಿತನಾಮದಲ್ಲಿ ಪ್ರಕಟಿಸಬೇಕಾಯಿತು. ಪ್ರತಿಸ್ಪರ್ಧಿ ವಾಹಿನಿಯ ‘ದಿ ಟುಮಾರೊ ಪೀಪಲ್’ ಎಂಬ ವೈಜ್ಞಾನಿಕ ಮಾಲಿಕೆ ೧೯೭೩ರಲ್ಲಿ ಆರಂಭವಾದಾಗ ಅದರಲ್ಲಿ ಬಳಕೆಯಾದುದು ಆ ರಚನೆಗಳೇ. ಹೀಗೆ ಎರಡು ವಾಹಿನಿಗಳ ಮಕ್ಕಳೂ ಡೆಲಿಯಾ ಅವರ ನಾದವನ್ನು ಕೇಳಿ ಬೆಳೆದರು. ಒಂದರಲ್ಲಿ ಹೆಸರಿರಲಿಲ್ಲ, ಇನ್ನೊಂದರಲ್ಲಿ ನಿಜವಾದ ಹೆಸರಿರಲಿಲ್ಲ.

೭

೧೯೭೩ರಲ್ಲಿ ಅವರು ಬಿ.ಬಿ.ಸಿ.ಯನ್ನು ಬಿಟ್ಟರು. ಅದೇ ವರ್ಷ ಬಿಡುಗಡೆಯಾದ ‘ದಿ ಲೆಜೆಂಡ್ ಆಫ್ ಹೆಲ್ ಹೌಸ್’ ಚಲಚ್ಚಿತ್ರಕ್ಕೆ, ಕಾರ್ಯಾಗಾರದ ಹಳೆಯ ಸಹೋದ್ಯೋಗಿ ಬ್ರಿಯಾನ್ ಹಾಡ್ಜ್‌ಸನ್ ಅವರೊಡನೆ ವಿದ್ಯುನ್ನಾದದ ಹಿನ್ನೆಲೆಯನ್ನು ಒದಗಿಸಿದರು. ದೆವ್ವದ ಮನೆಯೊಂದನ್ನು ಭೌತವಿಜ್ಞಾನಿ ಯಂತ್ರವಿಟ್ಟು ಪರೀಕ್ಷಿಸುವ ಕಥೆಗೆ ಅದು ಒಪ್ಪುವಂತಿತ್ತು. ಅನಂತರ ಕೆಲವೇ ವರ್ಷಗಳಲ್ಲಿ ಅವರು ಸಂಗೀತದಿಂದಲೇ ದೂರ ಸರಿದು, ಅನಿಲದ ಕೊಳವೆ ಹಾಕುವ ಕಾಮಗಾರಿಯಲ್ಲಿ ರೇಡಿಯೋ ನಿರ್ವಾಹಕಿಯಾಗಿಯೂ ಪುಸ್ತಕದಂಗಡಿಯಲ್ಲಿಯೂ ದುಡಿದರು. ಆ ಕಾಲದಲ್ಲಿ ಲೋಕವೂ ಸಂಸ್ಥೆಯೂ ಶ್ರುತಿ ತಪ್ಪಿದಂತೆ ತಮಗೆ ತೋರಿತೆಂದು ಅವರು ಮುಂದೆ ಹೇಳಿಕೊಂಡುದುಂಟು. ಕೀಲಿಮಣೆಯ ಯಂತ್ರಗಳು ಸಿದ್ಧಧ್ವನಿಗಳನ್ನು ಸುಲಭವಾಗಿ ಒದಗಿಸತೊಡಗಿದಾಗ, ಒಂದೊಂದು ಸ್ವರವನ್ನೂ ಕೈಯಲ್ಲಿ ಹಿಡಿದು ಕಡೆಯುವ ಅವರ ವಿಧಾನಕ್ಕೆ ಕಾಲಾವಕಾಶವಿಲ್ಲದಾಯಿತೆಂದು ನಾವು ಊಹಿಸಬಹುದು.

೧೯೯೦ರ ದಶಕದ ಕೊನೆಯಲ್ಲಿ ತರುಣ ಸಂಗೀತಗಾರರು ಅವರನ್ನು ಹುಡುಕಿಕೊಂಡು ಬಂದರು. ಅವರೂ ಮತ್ತೆ ಕೆಲಸಕ್ಕೆ ಕೈಹಾಕಿದರು. ಆದರೆ ೨೦೦೧ರ ಜುಲೈ ೩ರಂದು, ತಮ್ಮ ಅರವತ್ತನಾಲ್ಕನೆಯ ವಯಸ್ಸಿನಲ್ಲಿ, ನಾರ್ತಾಂಪ್ಟನ್ನಿನಲ್ಲಿ ತೀರಿಕೊಂಡರು. ಅವರ ಮನೆಯ ಅಟ್ಟದಲ್ಲಿ ೨೬೭ ಟೇಪು ಸುರುಳಿಗಳು ದೊರೆತವು. ೨೦೦೭ರಲ್ಲಿ ಅವನ್ನು ಮ್ಯಾಂಚೆಸ್ಟರ್ ವಿಶ್ವವಿದ್ಯಾನಿಲಯದ ವಶಕ್ಕೆ ಒಪ್ಪಿಸಲಾಯಿತು. ಅಲ್ಲಿ ಅವು ಸಂಶೋಧನೆಗೆ ಆಕರಗಳಾದವು. ೨೦೧೩ರಲ್ಲಿ ‘ಡಾಕ್ಟರ್ ಹೂ’ ಮಾಲಿಕೆಯ ಐವತ್ತನೆಯ ವರ್ಷದ ವಿಶೇಷ ಕಥೆಯಲ್ಲಿ, ಶೀರ್ಷಿಕೆಗೀತಕ್ಕೆ ಸಂಬಂಧಿಸಿ ಡೆಲಿಯಾ ಅವರ ಹೆಸರು ಮೊದಲ ಬಾರಿಗೆ ತೆರೆಯ ಮೇಲೆ ಕಾಣಿಸಿತು. ಅವರು ಕಾಲವಾಗಿ ಆಗ ಹನ್ನೆರಡು ವರ್ಷವಾಗಿತ್ತು. ೨೦೧೭ರಲ್ಲಿ ಕೊವೆಂಟ್ರಿ ವಿಶ್ವವಿದ್ಯಾನಿಲಯ ಮರಣೋತ್ತರವಾಗಿ ಗೌರವ ಡಾಕ್ಟರೇಟನ್ನು ನೀಡಿತು.

೮

ಮೇಲಿನ ವಿವರಗಳಿಂದ ಎರಡು ಅಂಶಗಳು ಹೊರಪಡುತ್ತವೆ. ಮೊದಲನೆಯದು: ವೈಜ್ಞಾನಿಕ ಕಲ್ಪನಾಕಥೆಯ ಸಂಗೀತದಲ್ಲಿ ಧ್ವನಿಯ ಬಣ್ಣ ಸ್ವರದಷ್ಟೇ ಮುಖ್ಯವಾದ ರಚನಾಂಗ. ಯಾವ ಸ್ವರ ಎಂಬುದನ್ನು ನಿರ್ಧರಿಸುವುದು ರಚನೆಯಾದರೆ, ಆ ಸ್ವರ ಯಾವುದರಿಂದ ಹುಟ್ಟಬೇಕು, ಹೇಗೆ ಏಳಬೇಕು, ಹೇಗೆ ಅಡಗಬೇಕು ಎಂಬುದನ್ನು ನಿರ್ಧರಿಸುವುದೂ ರಚನೆಯೇ. ಎರಡನೆಯದು: ಕಲೆಯ ರೀತಿ ಬದಲಾದಷ್ಟು ಬೇಗನೆ ಕಲೆಯನ್ನು ಕುರಿತ ಹೆಸರುಗಳು ಬದಲಾಗುವುದಿಲ್ಲ. ಹಳೆಯ ಪಟ್ಟಿಯಲ್ಲಿ ಸ್ಥಳವಿಲ್ಲದವರ ಶ್ರಮ ಆ ನಡುಗಾಲದಲ್ಲಿ ಲೆಕ್ಕದಿಂದ ಬಿಟ್ಟುಹೋಗುತ್ತದೆ.

ಇದು ಇಂಗ್ಲೆಂಡಿಗೆ ಮಾತ್ರ ಸಲ್ಲುವ ಮಾತಲ್ಲ. ನಾಟಕ, ಚಲಚ್ಚಿತ್ರ, ಬಾನುಲಿಗಳ ಚರಿತ್ರೆಯನ್ನು ಬರೆಯಹೊರಟ ಯಾವ ವಿದ್ಯಾರ್ಥಿಯೂ ಶೀರ್ಷಿಕೆಯಲ್ಲಿ ಅಚ್ಚಾದ ಹೆಸರುಗಳಿಗೇ ತೃಪ್ತನಾಗಬಾರದು. ಕೃತಿ ಹೇಗೆ ಮಾಡಲ್ಪಟ್ಟಿತೆಂಬುದನ್ನು ವಿಚಾರಿಸುತ್ತ ಹೋದರೆ ಮಾಡಿದವರು ಯಾರೆಂಬುದು ತಾನಾಗಿ ಗೋಚರಿಸುತ್ತದೆ. ಡೆಲಿಯಾ ಡರ್ಬಿಷೈರ್ ಅವರ ವಿಷಯದಲ್ಲಿ ಆ ವಿಚಾರಣೆ ತಡವಾಗಿ ನಡೆಯಿತು. ಆದರೂ ನಡೆಯಿತೆಂಬುದು ಸಮಾಧಾನ. ಅದನ್ನು ಸಾಧ್ಯಮಾಡಿದುದು ಅಟ್ಟದ ಮೇಲೆ ಉಳಿದಿದ್ದ ಆ ಸುರುಳಿಗಳು. ನಮ್ಮಲ್ಲಿಯೂ ಇಂಥ ಸುರುಳಿಗಳು ಎಲ್ಲಿಯಾದರೂ ಉಳಿದಿದ್ದರೆ, ಅವು ಕೆಡುವ ಮೊದಲು ಅವನ್ನು ಕೇಳುವವರು ಹುಟ್ಟಬೇಕು.